ನನ್ನ ಸಹಿಯ ಅವಿವಾಹಿತೆಯರು

ಬಂಗಾರಪೇಟೆ ಕೋರ್ಟಿನ ಕಿರಿಯ ವಕೀಲರಿಬ್ಬರು ಹೋದ ವಾರ ಮನೆಗೆ ಬಂದಿದ್ದರು. "ಸರ್, ನೀವು ವಕೀಲರಾಗಿದ್ದಿರಿ, ಎಂಎಲ್‌ಎ ಆಗಿದ್ದಿರಿ, ಆಮೇಲೆ ಕೇಂದ್ರ ಸರ್ಕಾರದ ಪ್ರಾಸಿಕ್ಯೂಟರ್ ಆಗಿದ್ದಿರಿ. ಮೂರರ ಅನುಭವವನ್ನೂ ನಮಗಾಗಿ ಬರೆದುಕೊಡಿ" ಎಂದರು. ಅಷ್ಟು ವಿನಯದಿಂದ ಕೇಳಿದರೆ ಯಾರು ತಾನೇ ಉಬ್ಬುವುದಿಲ್ಲ? ಆ ದಿನವೇ ಪೆನ್ನು ಹಿಡಿದು ಕೂತೆ. ಮೊದಲ ಪುಟದಲ್ಲಿ ನನ್ನ ಸಾಧನೆಗಳನ್ನು ಬರೆದೆ. ಎರಡನೇ ಪುಟಕ್ಕೆ ಬರುವಷ್ಟರಲ್ಲಿ ನನಗೇ ಆಕಳಿಕೆ ಬಂತು. ಅದನ್ನು ಹರಿದು ಹಾಕಿದ್ದೇನೆ. ಸಾಧನೆ ಬೇಕಾದವರು ನಮ್ಮ ಮನೆಯ ಹಜಾರಕ್ಕೆ ಬಂದು, ಜನ ನನಗೆ ಹಾರ ಹಾಕುತ್ತಿರುವ ಫೋಟೋಗಳನ್ನು ನೋಡಿಕೊಂಡು ಹೋಗಬಹುದು. ಈ ಕೆಲಸಕ್ಕೆ ಹೊಸದಾಗಿ ಬಂದವರಿಗೆ ಉಪಯೋಗವಾಗುವುದು ನಾನು ಮಾಡಿದ ಎಡವಟ್ಟುಗಳು. ಅವಕ್ಕೇನೂ ಕೊರತೆಯಿಲ್ಲ.

ನನ್ನ ಮೊದಲ ದೊಡ್ಡ ಕೇಸು ಒಂದು ಹಸುವಿನದು. ನಾನಾಗ ಶಾಮರಾಯರೆಂಬ ಹಿರಿಯ ವಕೀಲರ ಕೈಕೆಳಗೆ ಇದ್ದೆ. ಬಂಗಾರಪೇಟೆ ಹತ್ತಿರದ ಎರಡು ಹಳ್ಳಿಯ ಇಬ್ಬರು ರೈತರು ಒಂದೇ ಸೀಮೆಹಸುವನ್ನು ತಮ್ಮದು ತಮ್ಮದು ಎಂದು ಹೊಡೆದಾಡಿಕೊಂಡಿದ್ದರು. ಪೊಲೀಸರು ಹಸುವನ್ನು ಹಿಡಿದು ದೊಡ್ಡಿಗೆ ಕಟ್ಟಿದ್ದರು. ರಾಯರಿಗೆ ಜ್ವರವಿದ್ದ ದಿನ ನಾನೇ ಕೋರ್ಟಿಗೆ ಹೋಗಿ, ನನ್ನ ಬುದ್ಧಿವಂತಿಕೆಯನ್ನೆಲ್ಲ ಸುರಿದು, "ಹಸುವನ್ನು ಕೋರ್ಟಿನ ಅಂಗಳಕ್ಕೆ ತರಿಸಿ ಸ್ವಾಮಿ, ಅದು ತನ್ನ ಒಡೆಯನ ಹತ್ತಿರ ತಾನೇ ಹೋಗುತ್ತದೆ" ಎಂದು ಅರ್ಜಿ ಹಾಕಿದೆ. ಮ್ಯಾಜಿಸ್ಟ್ರೇಟರಿಗೂ ಆ ದಿನ ಬೇಸರ ಕಳೆಯಲು ಏನಾದರೂ ಬೇಕಿತ್ತೋ ಏನೋ, ಒಪ್ಪಿಬಿಟ್ಟರು. ಅಂಗಳದ ತುಂಬ ಜನ. ನನ್ನ ಕಕ್ಷಿದಾರ ಒಂದು ಕಡೆ ನಿಂತು "ಬಾರೇ ಗೌರಿ" ಎಂದ. ಎದುರು ಪಾರ್ಟಿಯವನು ಇನ್ನೊಂದು ಕಡೆ ನಿಂತು "ಬಾರೇ ಲಕ್ಷ್ಮಿ" ಎಂದ. ಹಸು ಇಬ್ಬರನ್ನೂ ನೋಡಿತು. ಆಮೇಲೆ ಜನರನ್ನು ಸೀಳಿಕೊಂಡು ಹೋಗಿ, ದೊಡ್ಡಿಯಲ್ಲಿ ಹದಿನೈದು ದಿನ ತನಗೆ ಹುಲ್ಲು ಹಾಕಿದ್ದ ಜವಾನನ ಜೇಬಿಗೆ ಮೂತಿ ಹಾಕಿತು.

ವಿಷಯ ತಿಳಿದ ಶಾಮರಾಯರು ಕಂಬಳಿ ಹೊದ್ದುಕೊಂಡೇ ಎದ್ದು ಕೂತು ನಕ್ಕರು. ನಕ್ಕು ಮುಗಿದ ಮೇಲೆ ಚೆನ್ನಾಗಿ ಬೈದರು. "ಉತ್ತರ ಗೊತ್ತಿಲ್ಲದ ಪ್ರಶ್ನೆಯನ್ನು ಸಾಕ್ಷಿಗೆ ಕೇಳಬಾರದು ಕಣಯ್ಯ. ಸಾಕ್ಷಿ ಹಸುವಾದರೂ ಅಷ್ಟೆ" ಎಂದರು. ಮುಂದೆ ನನ್ನ ಹತ್ತಿರ ಕೆಲಸ ಕಲಿಯಲು ಬಂದ ಪ್ರತಿಯೊಬ್ಬರಿಗೂ ಈ ಮಾತನ್ನು ನನ್ನದೇ ಎಂಬಂತೆ ಹೇಳಿದ್ದೇನೆ. ಅವರಲ್ಲಿ ಕೆಜಿಎಫ್ ಚಿನ್ನದ ಗಣಿಯ ಮೈಸೂರು ಮೈನ್ಸ್‌ನ ಸುಗುಣ ಎಂಬ ಹುಡುಗಿಯೂ ಒಬ್ಬಳು. ಗಣಿಯಲ್ಲಿ ಮೇಸ್ತ್ರಿಯಾಗಿದ್ದವರ ಮಗಳು, ತುಂಬ ಚುರುಕು. ಈ ಬರಹದಲ್ಲಿ ಆಕೆ ಮುಂದೆ ಮತ್ತೆ ಬರುತ್ತಾಳೆ.

ಆ ಕಾಲದ ಕೋರ್ಟಿನ ಕೆಲಸ ಈಗಿನವರಿಗೆ ನಗು ತರಿಸಬಹುದು. ಕೆಜಿಎಫ್ ಕೋರ್ಟಿನಲ್ಲಿ ಸಾಕ್ಷಿ ತಮಿಳಿನಲ್ಲಿ ಹೇಳುತ್ತಿದ್ದ, ನಾವು ಕನ್ನಡದಲ್ಲಿ ಕೇಳುತ್ತಿದ್ದೆವು, ಗುಮಾಸ್ತ ತೆಲುಗಿನಲ್ಲಿ ಗೊಣಗಿಕೊಳ್ಳುತ್ತಿದ್ದ, ಜಡ್ಜು ಎಲ್ಲವನ್ನೂ ಇಂಗ್ಲಿಷಿನಲ್ಲಿ ಬರೆಸುತ್ತಿದ್ದರು. ನಾಲ್ಕು ಭಾಷೆ ದಾಟಿದ ಮೇಲೂ ಸತ್ಯ ಉಳಿದುಕೊಂಡಿದ್ದರೆ ಅದು ಗಟ್ಟಿ ಸತ್ಯವೇ ಇರಬೇಕು. ಒಂದು ಅರ್ಜಿ ಟೈಪು ಮಾಡಲು ನಾಲ್ಕು ಕಾರ್ಬನ್ ಹಾಳೆ ಬೇಕಿತ್ತು. ಕೊನೆಯ ಪ್ರತಿಯಲ್ಲಿ ಅಕ್ಷರ ಇದೆಯೋ ಇಲ್ಲವೋ ಎಂದು ಕಿಟಕಿಯ ಬೆಳಕಿಗೆ ಹಿಡಿದು ನೋಡಬೇಕಿತ್ತು. ಆ ಪ್ರತಿಯನ್ನು ನಾವು ಯಾವಾಗಲೂ ಎದುರು ವಕೀಲರಿಗೆ ಕೊಡುತ್ತಿದ್ದೆವು. ಈಗ ಎಲ್ಲವೂ ಮೊಬೈಲಿನಲ್ಲಿ ಕಾಣುತ್ತದೆ. ವಾಯಿದೆ ಯಾವತ್ತು ಎಂದು ಕೇಳಿಕೊಂಡು ಕಕ್ಷಿದಾರ ಮನೆಗೆ ಬರುವುದೇ ನಿಂತಿದೆ. ಜೊತೆಗೆ ಅವರ ಹೊಲದ ಅವರೆಕಾಯಿ ಬರುವುದೂ ನಿಂತಿದೆ.

ಎಂಎಲ್‌ಎ ಆದದ್ದನ್ನು ಎರಡು ಸಾಲಿನಲ್ಲಿ ಮುಗಿಸುತ್ತೇನೆ. ಒಂದು ಸಲ ಗೆದ್ದೆ, ಇನ್ನೊಂದು ಸಲ ಸೋತೆ. ಗೆದ್ದಾಗ ಯಾಕೆ ಗೆದ್ದೆ ಎಂದು ಯಾರೂ ಕೇಳಲಿಲ್ಲ, ಸೋತಾಗ ಯಾಕೆ ಸೋತೆ ಎಂದು ಇವತ್ತಿಗೂ ಕೇಳುತ್ತಾರೆ.

ಆದರೆ ಆ ಐದು ವರ್ಷದ ಒಂದು ಕೆಲಸದ ಬಗ್ಗೆ ಹೇಳಲೇಬೇಕು. ಬಂಗಾರಪೇಟೆ ಸ್ಟೇಷನ್ ರಸ್ತೆಯಲ್ಲಿ ನನ್ನ ಕಚೇರಿ ಇತ್ತು. ಬೆಳಿಗ್ಗೆ ಏಳಕ್ಕೆಲ್ಲ ಜನ ಸಾಲು ನಿಲ್ಲುತ್ತಿದ್ದರು. ಅರ್ಧಕ್ಕರ್ಧ ಜನಕ್ಕೆ ಬೇಕಿದ್ದದ್ದು ಲೆಟರು. ಸ್ಕೂಲಿಗೆ ಲೆಟರು, ಆಸ್ಪತ್ರೆಗೆ ಲೆಟರು, ಕೆಲಸಕ್ಕೆ ಲೆಟರು. ಕೆಜಿಎಫ್ ನನ್ನ ಕ್ಷೇತ್ರವಲ್ಲ. ಆದರೂ ಅಲ್ಲಿನ ಎಂಎಲ್‌ಎ ಊರಿನಲ್ಲಿಲ್ಲ ಎಂದು ಗೊತ್ತಾದ ದಿನ ಮಾರಿಕುಪ್ಪಂ ರೈಲಿನಲ್ಲಿ ಅಲ್ಲಿನ ಜನವೂ ಬಂದು ಇಳಿಯುತ್ತಿದ್ದರು. ಯಾರನ್ನೂ ಬರಿಗೈಲಿ ಕಳಿಸಬಾರದು ಎಂಬುದು ನನ್ನ ನಿಯಮ. ಅದನ್ನು ನಾನು ದೊಡ್ಡ ಗುಣ ಎಂದುಕೊಂಡಿದ್ದೆ.

ಲೆಟರುಗಳ ಉಸ್ತುವಾರಿ ನನ್ನ ಆಪ್ತ ಸಹಾಯಕ ಚೌಡಪ್ಪನದು. ನಮ್ಮ ಹಳ್ಳಿಯವನೇ, ನನಗಿಂತ ನಾಲ್ಕು ವರ್ಷ ಚಿಕ್ಕವನು, ನಂಬಿಕಸ್ಥ. ನಾನು ವಿಧಾನಸಭೆಗೆ ಹೊರಡುವ ಮುಂಚೆ ಅವನು ಖಾಲಿ ಲೆಟರ್‌ಹೆಡ್ಡಿನ ಕಟ್ಟನ್ನು ಮುಂದಿಡುತ್ತಿದ್ದ. ನಾನು ಕಾಫಿ ಕುಡಿಯುತ್ತ ಒಂದೊಂದು ಹಾಳೆಯ ಕೆಳಗೂ ಸಹಿ ಹಾಕುತ್ತ ಹೋಗುತ್ತಿದ್ದೆ. ಮೇಲಿನದನ್ನು ಅವನು ಆಮೇಲೆ ಭರ್ತಿ ಮಾಡುತ್ತಿದ್ದ. ಆಗಿನ ಕಾಲದಲ್ಲಿ ಇದು ಎಷ್ಟು ಸಾಮಾನ್ಯವೆಂದರೆ, ನನಗಿಂತ ಹಿರಿಯ ಶಾಸಕರೊಬ್ಬರು ನಿಂತ ರೈಲಿನ ಕಿಟಕಿಯಿಂದಲೇ ಐವತ್ತು ಹಾಳೆಗೆ ಸಹಿ ಹಾಕಿ ಹೋದದ್ದನ್ನು ನಾನೇ ನೋಡಿದ್ದೇನೆ. ನಾನು ಕೂತು ಹಾಕುತ್ತಿದ್ದೆ, ಅಷ್ಟೇ ವ್ಯತ್ಯಾಸ.

ಸೋತ ಮೇಲೆ ಮತ್ತೆ ಕರಿ ಕೋಟು ಹಾಕಿದೆ. ಕೆಲವು ವರ್ಷಗಳ ನಂತರ ಕೇಂದ್ರ ಸರ್ಕಾರದ ಪರ ಕೇಸು ನಡೆಸುವ ಪ್ರಾಸಿಕ್ಯೂಟರ್ ಆದೆ. ಕೇಂದ್ರದ ಕಚೇರಿಗಳಲ್ಲಿ ಯಾರಾದರೂ ಮೋಸ ಮಾಡಿದರೆ, ಸುಳ್ಳು ದಾಖಲೆ ಕೊಟ್ಟರೆ, ಅವರಿಗೆ ಶಿಕ್ಷೆ ಕೊಡಿಸುವುದು ನನ್ನ ಕೆಲಸ. ಕೋರ್ಟು ಬೆಂಗಳೂರಿನಲ್ಲಿ. ಬೆಳಗಿನ ರೈಲಿಗೆ ಹೋಗಿ ಸಂಜೆಯ ರೈಲಿಗೆ ಬರುತ್ತಿದ್ದೆ. ನನ್ನ ಮೇಲಿನ ಅಧಿಕಾರಿ ಕುರುಪ್ ಸಾಹೇಬರು ಮಲಯಾಳಿ. ಅವರ ಬಾಯಿಂದ ಮಾತು ಹೊರಡಿಸುವುದು ಕಷ್ಟ. ನಾನು ಒಂದು ಕೇಸು ಗೆದ್ದು ಹೋಗಿ ಹೇಳಿದರೆ "ಸರಿ" ಎನ್ನುತ್ತಿದ್ದರು. ಸೋತು ಹೋಗಿ ಹೇಳಿದರೂ "ಸರಿ" ಎನ್ನುತ್ತಿದ್ದರು. ಎರಡು ಸರಿಗಳ ನಡುವಿನ ವ್ಯತ್ಯಾಸ ಹಿಡಿಯಲು ನನಗೆ ಒಂದು ವರ್ಷ ಬೇಕಾಯಿತು.

ಹಿಂದಿನ ಪ್ರಾಸಿಕ್ಯೂಟರ್ ನಿವೃತ್ತರಾದಾಗ ಅವರ ಕೇಸುಗಳು ನನ್ನ ಪಾಲಿಗೆ ಬಂದವು. ಅದರಲ್ಲಿ ಒಂದು ಕಡತ ಕೆಜಿಎಫ್ ಗಣಿ ಬಡಾವಣೆ ಚಾಂಪಿಯನ್ ರೀಫ್ಸ್‌ನ ಸರೋಜಾ ಎಂಬ ಹೆಂಗಸಿನದು. ಆಕೆಯ ತಂದೆ ಕೇಂದ್ರ ಸರ್ಕಾರದ ಒಂದು ಕಚೇರಿಯಲ್ಲಿ ಕಾವಲುಗಾರನಾಗಿದ್ದು, ಕೆಲಸದಲ್ಲಿದ್ದಾಗಲೇ ತೀರಿಕೊಂಡಿದ್ದ. ಅವನ ಆಶ್ರಯದಲ್ಲಿದ್ದ ಅವಿವಾಹಿತ ಮಗಳೆಂದು, ಅವನ ಕೆಲಸದ ಬದಲಿಗೆ ಆಕೆಗೆ ಅಟೆಂಡರ್ ಕೆಲಸ ಸಿಕ್ಕಿತ್ತು. ಏಳು ವರ್ಷ ಆದ ಮೇಲೆ ಒಬ್ಬ ಗಂಡಸು ಮದುವೆ ಫೋಟೋ ಹಿಡಿದುಕೊಂಡು ಆ ಕಚೇರಿಗೆ ಬಂದು, "ಇವಳು ನನ್ನ ಹೆಂಡತಿ. ಮದುವೆಯಾಗಿಲ್ಲ ಅಂತ ಸುಳ್ಳು ಹೇಳಿ ಕೆಲಸ ತಗೊಂಡವಳೆ" ಎಂದು ದೂರು ಕೊಟ್ಟ. ಮದುವೆಯಾದ ಆರೇ ತಿಂಗಳಿಗೆ ಇವಳನ್ನು ಬಿಟ್ಟು ಕುಪ್ಪಂ ಕಡೆ ಓಡಿಹೋಗಿದ್ದ ಗಂಡ ಅವನು. ಹೆಂಡತಿಗೆ ಸರ್ಕಾರಿ ಕೆಲಸ ಸಿಕ್ಕಿದ ಸುದ್ದಿ ತಿಳಿದು ವಾಪಸು ಬಂದಿದ್ದ. ಆಕೆ ಬಾಗಿಲು ತೆಗೆದಿರಲಿಲ್ಲ. ಆ ಸಿಟ್ಟಿಗೆ ದೂರು. ಸರೋಜಾಳನ್ನು ಅಮಾನತು ಮಾಡಿ, ಮೋಸದ ಕೇಸು ಹಾಕಿದ್ದರು. ಶಿಕ್ಷೆಯಾದರೆ ಜೈಲು, ಕೆಲಸವಂತೂ ಹೋದಂತೆಯೇ.

ಬೆಳಗಿನ ರೈಲಿನಲ್ಲಿ ಕೂತು ಕಡತ ತಿರುವಿದೆ. ಆಕೆ ಸುಳ್ಳು ಹೇಳಿದ್ದಕ್ಕೆ ಏನು ಪುರಾವೆ ಎಂದು ನೋಡಿದರೆ ಏಳನೇ ನಿಶಾನೆ, ಅಂದರೆ ಕೋರ್ಟಿಗೆ ಹಾಜರುಪಡಿಸಿದ ಏಳನೇ ದಾಖಲೆ. ಅದೊಂದು ಶಿಫಾರಸು ಪತ್ರ. "ಈಕೆಯನ್ನು ನಾನು ಖುದ್ದಾಗಿ ಬಲ್ಲೆ. ಈಕೆ ಅವಿವಾಹಿತೆಯಾಗಿದ್ದು ತಂದೆಯ ಆಶ್ರಯದಲ್ಲಿದ್ದವಳು. ಸದ್ಗುಣವಂತೆ." ಕೆಳಗೆ ನನ್ನ ಸಹಿ.

ಮಾಲೂರು ದಾಟುವವರೆಗೂ ಆ ಸಹಿಯನ್ನೇ ನೋಡಿದೆ. ನನ್ನದೇ. ಬಾಲ ಎಳೆದ ರೀತಿಯೂ ನನ್ನದೇ. ತನಿಖೆ ಮಾಡಿದವರು ದೋಷಾರೋಪ ಪಟ್ಟಿಯಲ್ಲಿ ಬರೆದಿದ್ದರು: ಆರೋಪಿಯು ಶಾಸಕರಿಗೆ ಸುಳ್ಳು ಹೇಳಿ ಈ ಪತ್ರ ಪಡೆದಿದ್ದಾಳೆ. ಆಕೆಯ ನೌಕರಿ ಅರ್ಜಿಯನ್ನು ಕಚೇರಿಯ ಗುಮಾಸ್ತ ಈ ಪತ್ರ ನೋಡಿಕೊಂಡೇ ತುಂಬಿಸಿದ್ದ. ಆ ಪ್ರಕಾರ ನಾನು ಮೋಸ ಹೋದವನು. ನಿಜ ಹೇಳುತ್ತೇನೆ, ಅದನ್ನು ಓದಿ ನನಗೆ ಸಮಾಧಾನವಾಯಿತು. ಆಕೆ ಸುಳ್ಳು ಹೇಳಿದಳು, ನಾನು ನಂಬಿದೆ, ಅದರಲ್ಲಿ ನನ್ನ ತಪ್ಪೇನು ಎಂದುಕೊಂಡೆ. ಆ ಕ್ಷಣದಲ್ಲೇ ಕಡತ ಮಡಚಿ "ಈ ಕೇಸು ನನಗೆ ಬೇಡ" ಎಂದು ಕುರುಪ್ ಸಾಹೇಬರ ಮೇಜಿನ ಮೇಲೆ ಇಡಬೇಕಿತ್ತು. ಇಡಲಿಲ್ಲ.

ಕೋರ್ಟಿನ ಮೊಗಸಾಲೆಯಲ್ಲಿ ಹಸಿರು ಸೀರೆಯ ಹೆಂಗಸೊಬ್ಬಳು ನನ್ನನ್ನು ಕಂಡದ್ದೇ ಎದ್ದು ಓಡಿಬಂದಳು. ಎರಡೂ ಕೈ ಜೋಡಿಸಿ, "ವಣಕ್ಕಂ ಸಾರ್! ನೀವೇ ಬಂದ್ಬಿಟ್ರಾ? ಇನ್ನೇನ್ ಭಯ ನಂಗೆ" ಎಂದಳು.

ನನಗೆ ಗುರುತು ಸಿಗಲಿಲ್ಲ. "ಯಾರಮ್ಮ ನೀನು?"

"ನಾನು ಸಾರ್, ಸರೋಜಾ. ಚಾಂಪಿಯನ್ ರೀಫ್ಸು. ನಿಮ್ ಆಪೀಸ್‌ಗೆ ಬಂದಿದ್ನಲ್ಲ, ಅಪ್ಪಾ ಸತ್ತೋದಾಗ. ಗಂಡ ಎಲ್ಲಿದಾನಮ್ಮ ಅಂತ ನೀವೇ ಕೇಳಿದ್ರಿ. ಓಡೋದ ಸಾರ್ ಅಂದೆ. ಓಗ್ಲಿ ಬಿಡು, ಓಡೋದೋನು ಸಿಕ್ಕಿದ್ರೆ ನನ್ ಎಲೆಕ್ಷನ್‌ಗೆ ಕರ್ಕೊಂಬಾ, ಚೆನ್ನಾಗ್ ಓಡಾಡ್ತಾನೆ ಅಂತ ನಗ್ಸಿದ್ರಿ. ಅಷ್ಟು ದುಃಖದಾಗೂ ನಂಗೆ ನಗು ಬಂದ್ಬಿಡ್ತು ಸಾರ್."

ಅಂಥ ಮಾತನ್ನು ನಾನಲ್ಲದೆ ಇನ್ನಾರೂ ಆಡುವುದಿಲ್ಲ. ಆಕೆ ಸುಳ್ಳು ಹೇಳಿರಲಿಲ್ಲ. ಮದುವೆಯಾದದ್ದು, ಗಂಡ ಬಿಟ್ಟದ್ದು, ಎಲ್ಲವನ್ನೂ ನನಗೇ ಹೇಳಿದ್ದಳು. ಹಾಗಾದರೆ ಪತ್ರದಲ್ಲಿ ಆ ಮಾತು ಎಲ್ಲಿಂದ ಬಂತು?

"ಪತ್ರದಲ್ಲಿ ಏನು ಬರೆದಿದ್ದರು ಅಂತ ನೀನು ಓದಲಿಲ್ಲವೇನಮ್ಮ?"

"ನಂಗೆ ತಮಿಳ್ ಓದಕ್ ಬರ್ತದೆ ಸಾರ್. ಕನ್ನಡ ಮಾತಾಡ್ತೀನಿ, ಓದಕ್ ಬರಲ್ಲ. ನೀವ್ ಬರ್ಸಿದ್ದು ಅಂದ್ಮೇಲೆ ಓದೋದ್ ಏನಿದೆ?"

ಆಕೆಯ ವಕೀಲೆ ಬಂದು ಆಕೆಯ ಕೈ ಹಿಡಿದು ಆಚೆಗೆ ಕರೆದೊಯ್ದಳು. ನೋಡಿದರೆ ನಮ್ಮ ಸುಗುಣ. ಹಿಂತಿರುಗಿ ಬಂದು ತಗ್ಗಿದ ದನಿಯಲ್ಲಿ, "ಅವಳಿಗೆ ಎಷ್ಟು ಹೇಳಿದ್ರೂ ನೀವು ಎದುರು ಪಾರ್ಟಿ ಅಂತ ತಲೆಗೆ ಹೋಗ್ತಿಲ್ಲ ಸರ್" ಎಂದಳು. ಆಮೇಲೆ ಕೇಳಿದಳು, "ಏಳನೇ ನಿಶಾನೆ ನೋಡಿದ್ರಾ?"

"ನೋಡಿದೆ. ನನ್ನನ್ನ ಸಾಕ್ಷಿಗೆ ಕರೆಸಬಹುದಲ್ಲ ನೀನು?"

"ನೀವ್ ಏನ್ ಹೇಳ್ತೀರೋ ಗೊತ್ತಿಲ್ದೆ ಹೇಗೆ ಕರೆಸ್ಲಿ? ಅವಳೇ ಸುಳ್ಳು ಹೇಳಿದ್ಲು ಅಂತ ನೀವಂದ್ರೆ ಅಲ್ಲಿಗೆ ಮುಗೀತು. ಹಸುವಿನ ಕಥೆ ನೀವೇ ಹೇಳಿಕೊಟ್ಟಿದ್ದಲ್ವಾ ಸರ್?"

ಇಷ್ಟು ಚೆನ್ನಾಗಿ ಯಾಕೆ ಕಲಿಸಿದೆನೋ ಎನಿಸಿತು. ಆ ದಿನ ಸಾಕ್ಷಿ ಬಂದಿಲ್ಲ ಎಂಬ ನೆಪ ಹೇಳಿ ವಾಯಿದೆ ತೆಗೆದುಕೊಂಡೆ.

ಮರುದಿನ ಬೆಳಿಗ್ಗೆಯೇ ಚೌಡಪ್ಪನ ಹತ್ತಿರ ಹೋದೆ. ಅವನಾಗ ಊರಿನ ಹಾಲಿನ ಡೈರಿ ನೋಡಿಕೊಳ್ಳುತ್ತಿದ್ದ. ಕ್ಯಾನುಗಳ ನಡುವೆ ಕೂತು ಯಾರದೋ ಹಾಲಿಗೆ ಲ್ಯಾಕ್ಟೋಮೀಟರ್ ಇಳಿಬಿಟ್ಟು, "ಇದು ಆಲಲ್ಲ, ನಿಮ್ ಬೋರ್‌ವೆಲ್ ನೀರು" ಎಂದು ಜಗಳವಾಡುತ್ತಿದ್ದ. ಜಗಳ ಮುಗಿಯುವವರೆಗೆ ಕಾದು ವಿಷಯ ಹೇಳಿದೆ.

"ಅವಿವಾಯಿತೇನಾ?" ಚೌಡಪ್ಪ ತಲೆ ಕೆರೆದುಕೊಂಡ. "ಅಯ್ಯೋ ಸಾ, ಅದು ನಮ್ ಫಾರಮ್ಮು! ಮೊದ್ಲು ಬೂದಿಕೋಟೆ ಕಡೇದು ಒಂದ್ ಉಡುಗೀಗೆ ಅಂತ ಟೈಪ್ ಮಾಡ್ಸಿದ್ದು. ಆ ಉಡುಗಿಗ್ ಮದ್ವೆ ಆಗಿರ್ಲಿಲ್ಲ. ಎಂಗಸ್ರು ಬಂದಾಗೆಲ್ಲ ಒಸದಾಗಿ ಯಾರ್ ಟೈಪ್ ಮಾಡ್ಸ್ತಾರೆ ಅಂತ ನೀವ್ ಸೈನ್ ಆಕಿದ್ ಆಳೆ ಮ್ಯಾಲೇ ಅದ್ನೇ ಅಚ್ಚಾಕ್ಸಿ ಇಟ್ಕಂಡೆ. ಎಸ್ರು, ಊರು ಮಾತ್ರ ಬರ್ದು ಕೊಡೋದು."

"ಎಲ್ಲ ಹೆಂಗಸರಿಗೂ ಅದೇನಾ?"

"ಅದೇಯ. ವಿಧವೆ ಪಿಂಚಣಿಗೂ ಅದ್ನೇ ಕೊಟ್ಟಿದೀನಿ. ಐದ್ ಮಕ್ಳು ತಾಯೀಗೂ ಕೊಟ್ಟಿದೀನಿ. ಯಾರೂ ಏನೂ ಅಂದಿಲ್ಲ ಸಾ. ಯಾರ್ ಓದ್ತಾರೆ?"

ಅಷ್ಟರಲ್ಲಿ ಅವನು ಮೇಜಿನ ಕೆಳಗಿಂದ ಒಂದು ಕಟ್ಟು ತೆಗೆದು ಧೂಳು ಕೊಡವಿದ. ನನ್ನ ಲೆಟರ್‌ಹೆಡ್ಡು. ಅದರಲ್ಲಿ ಅಚ್ಚಾದ ಒಕ್ಕಣೆ, ಹೆಸರಿನ ಜಾಗ ಖಾಲಿ, ಕೆಳಗೆ ನನ್ನ ಸಹಿ. ಹಿಂದೆ ತಿರುಗಿಸಿದರೆ, ಯಾರ ಹಾಲು ಯಾವತ್ತು ನೀರಾಗಿತ್ತು ಎಂದು ಪೆನ್ಸಿಲಿನ ಗುರುತು.

"ಇದೇನೋ ಇದು?"

"ಮಿಕ್ಕಿತ್ತು ಸಾ. ಇನ್ನೊಂದ್ ಕಡೆ ಖಾಲಿ ಐತಲ್ಲ, ಯಾಕ್ ದಂಡ ಮಾಡೋದು?"

ಅವನು ನನ್ನ ಮುಖ ನೋಡಿದ. ಅವನಿಗೂ ಅರ್ಥವಾಯಿತು. ದನಿ ತಗ್ಗಿಸಿ, "ಒಲೆ ಉರೀತಾ ಐತೆ ಸಾ. ಆಕ್ಬಿಡ್ಲಾ? ಯಾರ್ಗೂ ಗೊತ್ತಾಗಲ್ಲ" ಎಂದ.

ಬೇಡ ಎನ್ನಲಿಲ್ಲ ನಾನು. ಹಾಕು ಎಂದೂ ಅನ್ನಲಿಲ್ಲ. "ಇಟ್ಟಿರು" ಎಂದೆ. ಈ ಬರಹದಲ್ಲಿ ನನಗೆ ನಿಜವಾಗಿ ನಾಚಿಕೆ ತರುವ ಮಾತು ಇದೊಂದೇ. ಆ ವರ್ಷ ನನ್ನ ಅವಧಿ ಮುಗಿಯುತ್ತಿತ್ತು, ಮುಂದುವರಿಸುತ್ತಾರೆಂಬ ಆಸೆಯಿತ್ತು. ಪಾರ್ಟಿಯವರು ಮತ್ತೆ ಟಿಕೆಟಿನ ಮಾತೂ ಆಡುತ್ತಿದ್ದರು. ಖಾಲಿ ಕಾಗದಕ್ಕೆ ಸಹಿ ಹಾಕುತ್ತಿದ್ದವನು ಎಂದು ಪೇಪರಿನಲ್ಲಿ ಬಂದರೆ ಎರಡೂ ಹೋದಂತೆಯೇ. ಸುಮ್ಮನಿದ್ದರೆ ನನಗೇನೂ ಆಗುವುದಿಲ್ಲ. ಆಕೆಗೆ ಶಿಕ್ಷೆಯಾಗುತ್ತದೆ. ಎರಡು ದಿನ ಊಟ ಸೇರಲಿಲ್ಲ, ಆದರೂ ಸುಮ್ಮನಿದ್ದೆ. ಇನ್ನೂ ಬೇಜಾರಿನ ವಿಷಯ ಒಂದಿತ್ತು. ಆ ಕಚೇರಿಯ ನಿಯಮ ತೆಗೆದು ಓದಿದೆ. ಗಂಡ ಬಿಟ್ಟು ತಂದೆಯ ಆಶ್ರಯದಲ್ಲಿದ್ದ ಮಗಳಿಗೂ ಆ ಕೆಲಸ ಕೊಡಬಹುದಿತ್ತು. ನನ್ನ ಪತ್ರದಲ್ಲಿ ನಿಜವನ್ನೇ ಬರೆದಿದ್ದರೆ ಸಾಕಾಗಿತ್ತು.

ಮುಂದಿನ ವಾಯಿದೆಯ ದಿನ ಬಂಗಾರಪೇಟೆಯಲ್ಲಿ ರೈಲು ಹತ್ತಿದೆ. ಕೆಜಿಎಫ್‌ನಿಂದಲೇ ತುಂಬಿ ಬಂದ ಗಾಡಿ, ಕಾಲಿಡಲು ಜಾಗವಿಲ್ಲ. ಯಾರೋ "ಸಾರ್, ಸಾರ್" ಎಂದು ಕೂಗಿದರು. ಸರೋಜಾ. ಕಿಟಕಿಯ ಪಕ್ಕದ ತನ್ನ ಜಾಗದಿಂದ ಎದ್ದು ನಿಂತಿದ್ದಳು.

"ಕೂತ್ಕೊಳ್ಳಿ ಸಾರ್. ನೀವ್ ನಿಂತ್ರೆ ಚೆನ್ನಾಗಿರ್ತದಾ?" ಎಂದು ಸೆರಗಿನಿಂದ ಸೀಟು ಒರೆಸಿದಳು. ಪಕ್ಕದಲ್ಲಿದ್ದ ಹೆಂಗಸಿಗೆ ತಮಿಳಿನಲ್ಲಿ ನನ್ನ ಪರಿಚಯ ಮಾಡಿಕೊಟ್ಟು, ನನಗೂ ತಿಳಿಯಲೆಂದು ಕನ್ನಡದಲ್ಲಿ ಹೇಳಿದಳು: "ನಮ್ ಕೇಸ್‌ಗೇ ಓಗ್ತಾ ಇರೋದು ಸಾರು. ನನ್ ವಿಷ್ಯ ಎಲ್ಲಾ ಗೊತ್ತು ಅವರ್ಗೆ."

ದಿನವೂ ಅದೇ ಗಾಡಿಯಲ್ಲಿ ಬರುವ ಬಂಗಾರಪೇಟೆಯ ಇಬ್ಬರು ಮುಖ ಮುಖ ನೋಡಿಕೊಂಡರು. ನಾನು ಯಾರ ಪರ ಎಂದು ಅವರಿಗೆ ಗೊತ್ತಿತ್ತು. ನಾನು ಕೂರಲಿಲ್ಲ. ಆಕೆಯೂ ಕೂರಲಿಲ್ಲ. ಖಾಲಿ ಸೀಟನ್ನು ನಡುವೆ ಇಟ್ಟುಕೊಂಡು ಇಬ್ಬರೂ ಟೇಕಲ್ ತನಕ ನಿಂತೇ ಹೋದೆವು. ಅಮಾನತಾದ ಮೇಲೆ ಏನು ಮಾಡುತ್ತಿದ್ದೀಯಮ್ಮ ಎಂದು ಕೇಳಿದೆ. ಮನೆ ಕಟ್ಟುವ ಕಡೆ ಇಟ್ಟಿಗೆ ಹೊರುತ್ತೇನೆ ಎಂದಳು. ವಾಯಿದೆಯ ದಿನ ಆ ಕೂಲಿಯೂ ಇಲ್ಲ. ಬಾಗಿಲ ಹತ್ತಿರ ಹೋಗಿ ಚೌಡಪ್ಪನಿಗೆ ಫೋನು ಮಾಡಿದೆ.

"ಆ ಕಟ್ಟು ಒಲೆಗೆ ಹಾಕಿದೆಯೇನೋ?"

"ಇಲ್ಲ ಸಾ, ಇಟ್ಟಿರು ಅಂದ್ರಲ್ಲ."

"ಮುಂದಿನ ಗಾಡಿಗೆ ತಗೊಂಡು ಬಾ. ಹಿಂದುಗಡೆ ಏನೂ ಅಳಿಸಬೇಡ."

ಕುರುಪ್ ಸಾಹೇಬರ ಮುಂದೆ ನಿಂತು ಎಲ್ಲವನ್ನೂ ಹೇಳಿದೆ. ಕಟ್ಟನ್ನು ಮೇಜಿನ ಮೇಲಿಟ್ಟೆ. ಅವರು ಒಂದು ಹಾಳೆ ಎತ್ತಿಕೊಂಡು, ಮುಂದೆ ನೋಡಿ, ಹಿಂದೆ ನೋಡಿ, ಕನ್ನಡಕ ತೆಗೆದರು. ಕೇಳಿದರು, "ನಿಮ್ಮ ತಾಲ್ಲೂಕಿನಲ್ಲಿ ಮದುವೆಯಾದವರು ಯಾರಾದರೂ ಇದ್ದಾರೆಯೇ?" ಅವರೊಂದು ತಮಾಷೆ ಮಾಡಿದ್ದು ನಾನು ಕಂಡದ್ದು ಅದೇ ಮೊದಲು, ಅದೇ ಕೊನೆ. ಆಮೇಲೆ, "ಇವತ್ತಿನಿಂದ ಈ ಕೇಸಿಗೆ ಬರಬೇಡಿ. ಬೇರೆಯವರನ್ನು ಹಾಕುತ್ತೇನೆ. ನಿಮ್ಮ ಹೇಳಿಕೆ ಬರೆದು ಕೋರ್ಟಿಗೂ ಆರೋಪಿಯ ವಕೀಲರಿಗೂ ಕೊಡಿ" ಎಂದರು. ನಾನು ಹೊರಡುವಾಗ "ಸರಿ" ಎಂದರು. ಅದು ಕೇಸು ಗೆದ್ದಾಗಿನ ಸರಿ ಎಂದೇ ನನ್ನ ನಂಬಿಕೆ.

ಹೀಗೆ ನಾನು ಮೂವತ್ತು ವರ್ಷ ಯಾರು ಯಾರನ್ನೋ ನಿಲ್ಲಿಸಿ ಬೆವರಿಳಿಸಿದ ಕಟಕಟೆಯಲ್ಲಿ ನಾನೇ ನಿಂತೆ, ಆರೋಪಿಯ ಪರ ಸಾಕ್ಷಿಯಾಗಿ. ಕಿರಿಯ ಮಿತ್ರರೇ, ನೀವೂ ಒಂದು ಸಲ ಅಲ್ಲಿ ನಿಂತು ನೋಡಿ. ಹೊರಗಿನಿಂದ ಕಾಣುವುದಕ್ಕಿಂತ ಅದು ಬಹಳ ಇಕ್ಕಟ್ಟು. ಕೈ ಎಲ್ಲಿಡಬೇಕು ಎಂದೇ ತಿಳಿಯುವುದಿಲ್ಲ. ಸುಗುಣ ಕೇಳಿದ್ದು ನಾಲ್ಕೇ ಪ್ರಶ್ನೆ. ಅವಳಿಗೆ ಉತ್ತರಗಳು ಮೊದಲೇ ಗೊತ್ತಿದ್ದವು. ಆಮೇಲೆ ಪಾಟೀ ಸವಾಲಿಗೆ ಹೊಸ ಪ್ರಾಸಿಕ್ಯೂಟರ್ ಎದ್ದ. ವಯಸ್ಸು ಮೂವತ್ತೂ ಇರಲಿಲ್ಲ, ನನ್ನನ್ನು ನೋಡಿ ಅವನೇ ಬೆವರುತ್ತಿದ್ದ.

"ತಾವು ಓದದೆ ಸಹಿ ಹಾಕುತ್ತಿದ್ದಿರಿ ಎಂದರೆ ಸರಿಯೇ?"

"ಸರಿಯಲ್ಲ. ಓದಲು ಅದರಲ್ಲಿ ಏನೂ ಇರುತ್ತಿರಲಿಲ್ಲ. ಖಾಲಿ ಹಾಳೆಗೆ ಹಾಕುತ್ತಿದ್ದೆ."

ಜಡ್ಜು ತಲೆಯೆತ್ತಿದರು. "ಇಂಥವು ಎಷ್ಟಕ್ಕೆ ಸಹಿ ಹಾಕಿರಬಹುದು?"

"ಲೆಕ್ಕವಿಲ್ಲ ಸ್ವಾಮಿ."

ಹಿಂದಿನ ಬೆಂಚಿನಲ್ಲಿ ಯಾರೋ ಕಿಸಕ್ಕನೆ ನಕ್ಕರು. ನನ್ನ ನಂತರ ಚೌಡಪ್ಪ ಕಟಕಟೆ ಹತ್ತಿದ. ಅವನಿಗೆ ಒಂದಿಷ್ಟೂ ಅಳುಕಿರಲಿಲ್ಲ. ಅಚ್ಚಾದ ಫಾರಮ್ಮಿನಲ್ಲಿ ಏನಿದೆ ಎಂದು ಒಂದು ಸಲವಾದರೂ ನೋಡಬೇಡವೇ ಎಂದು ಜಡ್ಜು ಕೇಳಿದ್ದಕ್ಕೆ, "ಓದ್ಕಂಡ್ ಕೂತಿದ್ರೆ ಜನಕ್ ಕೊಡೋದ್ ಯಾವಾಗ ಸಾಮಿ? ಸಾಲು ಟೇಸನ್ ಗಂಟ ನಿಂತಿರ್ತಿತ್ತು" ಎಂದ. ಇಡೀ ಕೋರ್ಟು ನಕ್ಕಿತು. ಜಡ್ಜೂ ನಕ್ಕು, ಆಮೇಲೆ ಗಂಭೀರರಾಗಿ ಆ ಕಟ್ಟನ್ನು ದಾಖಲೆಗೆ ಸೇರಿಸಿಕೊಂಡರು. ಹಿಂದಿನ ಹಾಲಿನ ಗುರುತುಗಳೂ ಅದರ ಜೊತೆ ದಾಖಲಾದವು. ನಮ್ಮೂರಿನಲ್ಲಿ ಯಾರು ಹಾಲಿಗೆ ನೀರು ಬೆರೆಸುತ್ತಿದ್ದರು ಎಂಬುದು ಇವತ್ತಿಗೂ ಬೆಂಗಳೂರಿನ ಕೋರ್ಟಿನ ಕಡತದಲ್ಲಿದೆ.

ಸರೋಜಾ ಖುಲಾಸೆಯಾದಳು. ಆಕೆಗೆ ಮೋಸ ಮಾಡುವ ಉದ್ದೇಶವೇ ಇರಲಿಲ್ಲ, ತಪ್ಪು ಪತ್ರ ಕೊಟ್ಟವರದು ಎಂದು ತೀರ್ಪಿನಲ್ಲಿ ಬರೆದರು. ತಪ್ಪು ಯಾರದೆಂದು ನನ್ನ ಹೆಸರು ಹಾಕಿಯೇ ಬರೆದರು. ಪೇಪರಿನಲ್ಲೂ ಬಂತು. ನನ್ನ ಅವಧಿ ಮುಂದುವರಿಯಲಿಲ್ಲ, ಟಿಕೆಟಿನ ಮಾತೂ ನಿಂತಿತು. ಒಂದು ತಿಂಗಳು ಬಂಗಾರಪೇಟೆಯ ಹೋಟೆಲಿಗೆ ಕಾಫಿಗೆ ಹೋದರೆ, "ಏನಣ್ಣಾ, ನಮ್ ಎಂಡ್ರೂ ಇನ್ನ ಅವಿವಾಯಿತೇನಾ? ಅಂಗಂತ ಒಂದ್ ಲೆಟ್ರು ಕೊಡು, ನಾನ್ ಬಚಾವ್" ಎಂದು ಕೇಳದವರಿಲ್ಲ. ನಗದೆ ಬೇರೆ ದಾರಿಯಿರಲಿಲ್ಲ. ನಗುತ್ತ ನಗುತ್ತ ಅಭ್ಯಾಸವಾಯಿತು. ಊಟವೂ ಸೇರತೊಡಗಿತು.

ಅದಾದ ಎರಡು ತಿಂಗಳಿಗೆ ಒಂದು ಬೆಳಿಗ್ಗೆ ಸರೋಜಾ ನಮ್ಮ ಮನೆಗೆ ಬಂದಳು. ಮತ್ತೆ ಕೆಲಸಕ್ಕೆ ಹಾಜರಾಗಲು ಹೇಳಿದ್ದರಂತೆ. ಕೈಯಲ್ಲಿ ಕಚೇರಿಯವರು ತುಂಬಿಸಿ ಕೊಟ್ಟಿದ್ದ ಘೋಷಣಾ ಪತ್ರ. ಕೆಳಗೆ ಆಕೆಯ ಸಹಿ, ಪಕ್ಕದಲ್ಲಿ ಆಕೆಯನ್ನು ಬಲ್ಲವರೊಬ್ಬರ ಸಹಿ ಬೇಕಿತ್ತು.

"ನನ್ನ ಸಹಿಯೇ ಬೇಕೇನಮ್ಮ? ಇಷ್ಟೆಲ್ಲ ಆದ ಮೇಲೂ?"

"ಬೇರೆ ಯಾರ್ ಸಾರ್ ಇದಾರೆ? ಕೋರ್ಟಲ್ಲಿ ನನ್ ಬಲ್ಲೆ ಅಂತ ಹೇಳ್ದೋರು ನೀವೊಬ್ರೇ."

ಕನ್ನಡಕ ಹಾಕಿಕೊಂಡು ಓದತೊಡಗಿದೆ. ಹೆಸರು ಓದಿದೆ. ತಂದೆಯ ಹೆಸರು, ಊರು, ವಯಸ್ಸು ಓದಿದೆ. ವೈವಾಹಿಕ ಸ್ಥಿತಿ ಎಂಬಲ್ಲಿಗೆ ಬಂದು, ಅಲ್ಲಿ ಬರೆದದ್ದನ್ನು ಗಟ್ಟಿಯಾಗಿ ಓದಿ ಹೇಳಿದೆ: "ವಿವಾಹಿತೆ, ಪತಿಯಿಂದ ಪರಿತ್ಯಕ್ತೆ." ಹಾಗೆಂದರೇನು ಎಂದು ಕೇಳಿದಳು, ಬಿಡಿಸಿ ಹೇಳಿದೆ. "ಸರಿಯಾಗಿದೆ ಸಾರ್" ಎಂದಳು. ಎರಡನೇ ಪುಟ ತಿರುವಿದೆ. ಆಮೇಲೆ ಮತ್ತೆ ಮೊದಲನೇ ಪುಟಕ್ಕೆ ಹೋಗಿ ಇನ್ನೊಂದು ಸಲ ಶುರುವಿನಿಂದ ಓದಿದೆ. ಆಕೆ ಗಡಿಯಾರ ನೋಡಿದಳು.

"ಏನ್ ಸಾರ್, ಇಷ್ಟ್ ಒತ್ತು?"

"ಓದ್ತಾ ಇದೀನಮ್ಮ."

"ಅವತ್ತೂ ಇಂಗೇ ಒಂದ್ಸಲ ಓದಿದ್ರೆ ಸಾರ್," ಎಂದಳು ಸರೋಜಾ, ಸಿಟ್ಟಿಲ್ಲದೆ, ನಗುತ್ತಲೇ, "ಮೂರ್ ವರ್ಷ ನಾನು ಇಟ್ಗೆ ಓರೋದು ತಪ್ತಿತ್ತು."

ತಲೆ ತಗ್ಗಿಸಿ ಕೊನೆಯ ಸಾಲಿನವರೆಗೂ ಓದಿ, ಸಹಿ ಹಾಕಿ, ಎದ್ದು ನಿಂತು ಎರಡೂ ಕೈಯಲ್ಲಿ ಆ ಕಾಗದವನ್ನು ಆಕೆಗೆ ಕೊಟ್ಟೆ.